ಒಬ್ಬಂಟಿಯಾಗಿ ಪಟ್ಟಣಕ್ಕೆ ದುಡಿಯಲು ಹೋದ ಅತ್ತೆಯ ಬದುಕನ್ನು ದಾಖಲಿಸುವುದು ಹೇಗೆ

ಹಾಸನ, ಚಿಕ್ಕಮಗಳೂರು ಕಡೆಯ ಎಷ್ಟೋ ಮನೆಗಳಲ್ಲಿ ಇಂಥ ಒಬ್ಬ ಸೋದರತ್ತೆಯೋ ದೊಡ್ಡಮ್ಮನೋ ಇದ್ದೇ ಇರುತ್ತಾರೆ. "ಬೆಂಗಳೂರಲ್ಲಿ ಕೆಲಸಕ್ಕಿದ್ರು" ಎನ್ನುವ ಒಂದು ಮಾತಿನಲ್ಲಿ ಅವರ ಮೂವತ್ತು ನಲವತ್ತು ವರ್ಷದ ದುಡಿಮೆ ಮುಗಿದುಹೋಗಿರುತ್ತದೆ. ಮದುವೆಯಾಗದೆ ಉಳಿದವರು, ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡವರು, ಗಂಡ ಬಿಟ್ಟವರು, ಹೀಗೆ ಬೇರೆ ಬೇರೆ ಕಾರಣಕ್ಕೆ ಒಂದು ಟ್ರಂಕು ಹಿಡಿದು ಊರು ಬಿಟ್ಟವರು. ತಮ್ಮಂದಿರ ಓದು, ತಂಗಿಯರ ಮದುವೆ, ಹಂಚಿನ ಮನೆ ಇವರ ದುಡ್ಡಿನಲ್ಲಿ ಆಗಿದ್ದರೂ ಪಹಣಿಯಲ್ಲಿ ಇವರ ಹೆಸರಿಲ್ಲ, ವಂಶವೃಕ್ಷದಲ್ಲಿ ಇವರಿಂದ ಮುಂದಕ್ಕೆ ಗೆರೆ ಇಲ್ಲ. ಮನೆತನದ ಕಾಗದಪತ್ರ ಹಿಡಿದು ಇವರನ್ನು ಹುಡುಕಲು ಹೊರಟವರು ಬರಿಗೈಲಿ ವಾಪಸಾಗುವುದು ಇದಕ್ಕೇ. ಇವರ ಜಾಡು ಇರುವುದು ದುಡ್ಡಿನ ಮತ್ತು ದುಡಿಮೆಯ ಕಾಗದಗಳಲ್ಲಿ: ಮನಿಯಾರ್ಡರ್ ತುಂಡು, ಪಿ.ಎಫ್. ಸ್ಲಿಪ್ಪು, ಕಾರ್ಖಾನೆಯವರು ಕೆಲಸಗಾರರಿಗೆ ಕೊಡುತ್ತಿದ್ದ ಟೋಕನ್ ನಂಬರು, ಬಾಡಿಗೆ ರಸೀದಿ, ಹಕ್ಕು ಬಿಡುಗಡೆ ಪತ್ರ. ದುಡ್ಡು ಎಲ್ಲಿಂದ ಹೊರಟು ಎಲ್ಲಿಗೆ ಬಂತು ಎಂಬುದನ್ನು ಹಿಡಿದು ಹೋದರೆ ಮನುಷ್ಯರು ಸಿಗುತ್ತಾರೆ.

ಅತ್ತೆ ಬದುಕಿದ್ದರೆ ಕಚೇರಿ, ಕಡತಗಳೆಲ್ಲ ಆಮೇಲೆ. ಎಂಬತ್ತು ದಾಟಿದವರ ನೆನಪು ಮುಂದಿನ ದೀಪಾವಳಿಗೆ ಹೀಗೇ ಇರುತ್ತದೆಂದು ಹೇಳಲಾಗದು. ಕಡತ ಕಾಯುತ್ತದೆ.

ಮಾತಿಗೆ ಕೂರಿಸುವುದು

ಅವರೊಬ್ಬರನ್ನೇ ಕೂರಿಸಿ. ಇಡೀ ಕೆಲಸದಲ್ಲಿ ಹೆಚ್ಚು ಕೆಡುವುದು ಇಲ್ಲೇ. ಅಣ್ಣನೋ ತಮ್ಮನೋ ಪಕ್ಕದಲ್ಲಿದ್ದರೆ "ಅವಳೇ ಹಟ ಮಾಡಿ ಹೋದ್ಲು, ನಾವೇನು ಬೇಡ ಅಂದಿರ್ಲಿಲ್ಲ" ಎಂದು ಉತ್ತರ ಅವರೇ ಕೊಟ್ಟುಬಿಡುತ್ತಾರೆ, ಅತ್ತೆ ತಲೆಯಾಡಿಸುತ್ತಾರೆ, ಅಲ್ಲಿಗೆ ಮುಗಿಯಿತು. ಮನೆಯ ಗಂಡಸರು ತೋಟಕ್ಕೋ ಸಂತೆಗೋ ಹೋದ ಹೊತ್ತು ನೋಡಿ. ಊಟವಾದ ಮೇಲೆ, ನಿದ್ದೆಗೆ ಮುಂಚೆ, ಮುಕ್ಕಾಲು ಗಂಟೆ ಸಾಕು. ಒಂದೇ ದಿನ ಮೂರು ಗಂಟೆ ಕೂರಿಸುವ ಬದಲು ನಾಲ್ಕು ದಿನ ಮುಕ್ಕಾಲು ಗಂಟೆ ಕೂರಿಸಿ. ಮೊದಲ ದಿನ ಹೇಳದೆ ಬಿಟ್ಟದ್ದು ರಾತ್ರಿ ನೆನಪಾಗಿ, ಮಾರನೆಯ ದಿನ ತಾವಾಗಿಯೇ ಎತ್ತುತ್ತಾರೆ.

ಮೊಬೈಲಿನಲ್ಲೇ ಧ್ವನಿ ಹಿಡಿಯಬಹುದು. ಏರೋಪ್ಲೇನ್ ಮೋಡ್‌ಗೆ ಹಾಕಿ, ಅವರ ಬಾಯಿಂದ ಎರಡು ಅಡಿಯೊಳಗೆ ಮಡಚಿದ ಟವೆಲ್ ಮೇಲೆ ಇಡಿ. ಮರದ ಮೇಜಿನ ಮೇಲೆ ಹಾಗೇ ಇಟ್ಟರೆ ಬಳೆ ತಾಗಿದ ಸದ್ದೆಲ್ಲ ಮಾತಿಗಿಂತ ಜೋರಾಗಿ ಕೇಳುತ್ತದೆ. ಫ್ಯಾನ್ ಆರಿಸಿ. ಮಳೆಗಾಲದಲ್ಲಿ ಜಿಂಕ್ ಶೀಟಿನ ಕೆಳಗೆ ಕೂರಬೇಡಿ, ಏನೂ ಕೇಳಿಸದು. ಶುರುವಿಗೆ ತಾರೀಖು, ಊರು, ಯಾರು ಯಾರು ಕೂತಿದ್ದೀರಿ ಎಂಬುದನ್ನು ನಿಮ್ಮ ಬಾಯಲ್ಲೇ ಹೇಳಿ. ಐದು ನಿಮಿಷ ರೆಕಾರ್ಡ್ ಮಾಡಿ, ನಿಲ್ಲಿಸಿ, ಕೇಳಿ ನೋಡಿ, ಆಮೇಲೆ ಮುಂದುವರಿಸಿ.

"ಯಾಕೆ ಮದುವೆ ಆಗ್ಲಿಲ್ಲ?" ಎಂದು ಕೇಳಬೇಡಿ. ಆ ಪ್ರಶ್ನೆಯನ್ನು ಅವರು ಜೀವಮಾನವೆಲ್ಲ ಕೇಳಿದ್ದಾರೆ, ಅದಕ್ಕೆ ಸಿದ್ಧ ಉತ್ತರವೂ ಇದೆ, ಆ ಉತ್ತರದಿಂದ ನಿಮಗೆ ಏನೂ ತಿಳಿಯುವುದಿಲ್ಲ. "ಕಷ್ಟ ಆಯ್ತಾ?" ಎಂಬುದೂ ಅಷ್ಟೆ. ವಸ್ತುವಿನ ಮೇಲೆ, ದಾರಿಯ ಮೇಲೆ, ದುಡ್ಡಿನ ಮೇಲೆ ಕೇಳಿ:

"ಮೊದಲ್ನೇ ಸಲ ಹೋಗಿದ್ದು ಯಾವ ಬಸ್ಸಲ್ಲಿ ಅತ್ತೆ? ಜೊತೇಲಿ ಯಾರಿದ್ರು?" "ಟ್ರಂಕಲ್ಲಿ ಏನೇನಿತ್ತು?" "ಮೊದಲನೇ ರಾತ್ರಿ ಮಲಗಿದ್ದು ಯಾರ ಮನೇಲಿ?" "ರೂಮಿಗೆ ಬಾಡಿಗೆ ಎಷ್ಟು, ಅಡ್ವಾನ್ಸ್ ಯಾರು ಕೊಟ್ರು?" "ನೀರು ಎಲ್ಲಿಂದ, ಎಷ್ಟು ಹೊತ್ತಿಗೆ ಬರ್ತಿತ್ತು?" "ಸೀಮೆಎಣ್ಣೆ ಹೆಂಗೆ ಸಿಗ್ತಿತ್ತು, ರೇಷನ್ ಕಾರ್ಡ್ ಯಾರ ಹೆಸರಲ್ಲಿತ್ತು?" "ಸಂಬಳ ಕೈಗೆ ಬರ್ತಿದ್ದ ದಿನ ಯಾವುದು? ಆ ಸಂಜೆ ಮೊದಲು ಮಾಡ್ತಿದ್ದ ಖರ್ಚು ಯಾವುದು?" "ಚೀಟಿ ಹಾಕಿದ್ರಾ? ಅದು ಎತ್ತಿದಾಗ ಏನು ಮಾಡಿಸಿದ್ರಿ?"

ರೇಷನ್ ಕಾರ್ಡಿನ ಪ್ರಶ್ನೆಯನ್ನು ಮರೆಯಬೇಡಿ. ಒಂಟಿ ಹೆಂಗಸಿಗೆ ಮನೆ ಬಾಡಿಗೆಗೆ ಸಿಗುವುದೇ ಕಷ್ಟವಿದ್ದ ಕಾಲ. ವಠಾರದಲ್ಲಿ ಒಂದು ಕೋಣೆ ಸಿಕ್ಕರೂ, ಕಾರ್ಡು ಊರಿನ ಅಪ್ಪನ ಹೆಸರಿನಲ್ಲೇ ಉಳಿದಿದ್ದರೆ ಸಕ್ಕರೆ, ಸೀಮೆಎಣ್ಣೆಗೆ ಬೇರೆಯವರನ್ನು ಕೇಳಬೇಕಿತ್ತು. ಯಾರನ್ನು ಕೇಳಿದರು ಎಂಬ ಉತ್ತರದಲ್ಲಿ ಅವರ ಪಟ್ಟಣದ ನೆಂಟರು, ಗೆಳತಿಯರು, ವಠಾರದ ಒಡತಿ ಎಲ್ಲರ ಹೆಸರೂ ಹೊರಗೆ ಬರುತ್ತದೆ. ಆ ಹೆಸರುಗಳನ್ನು ಬೇರೆ ಹಾಳೆಯಲ್ಲಿ ಬರೆದುಕೊಳ್ಳಿ. ಜೊತೆಗೆ ದುಡಿದ ಗೆಳತಿಯೊಬ್ಬರು ಸಿಕ್ಕರೆ ಹತ್ತು ಕಡತ ಸಿಕ್ಕಷ್ಟು.

ದುಡ್ಡಿನ ಮೊತ್ತ ಹೇಳಿದಾಗ ಅದೇ ವರ್ಷದ ಅಕ್ಕಿ ಬೆಲೆ, ಬಾಡಿಗೆ, ಊರಿಗೆ ಹೋಗುವ ಬಸ್ ಚಾರ್ಜು ಮೂರನ್ನೂ ಕೇಳಿ. "ಆಗಿನ 90 ರೂಪಾಯಿ ಈಗಿನ ಎಷ್ಟು" ಎಂದು ಲೆಕ್ಕ ಹಾಕುವುದಕ್ಕಿಂತ, ಸಂಬಳದಲ್ಲಿ ಬಾಡಿಗೆ ಎಷ್ಟು ಪಾಲು, ಊರಿಗೆ ಕಳಿಸಿದ್ದು ಎಷ್ಟು ಪಾಲು, ತನಗೆ ಉಳಿದದ್ದು ಎಷ್ಟು ಎಂದು ಬರೆದರೆ ಓದುವವರಿಗೆ ನಿಜ ತಿಳಿಯುತ್ತದೆ.

ವರ್ಷ ಕೂರಿಸುವುದು

"ಯಾವ ಇಸವಿ?" ಎಂದರೆ ಹೆಚ್ಚಿನವರು ಹೇಳಲಾರರು. ಎಲ್ಲರಿಗೂ ನೆನಪಿರುವ ಘಟನೆ ಹಿಡಿದು, ಅದಕ್ಕೆ ಮುಂಚೆಯೋ ಆಮೇಲೋ ಎಂದು ಕೇಳಿ. ಗಾಂಧಿ ಸತ್ತದ್ದು 1948ರ ಜನವರಿ, ನೆಹರೂ ಸತ್ತದ್ದು 1964ರ ಮೇ, ಚೀನಾ ಯುದ್ಧ 1962, ತುರ್ತುಪರಿಸ್ಥಿತಿ 1975ರ ಜೂನ್. ಚಿಕ್ಕಮಗಳೂರಿನವರಿಗೆ ಇಂದಿರಾ ಗಾಂಧಿ ಉಪಚುನಾವಣೆಗೆ ನಿಂತ 1978ರ ನವೆಂಬರ್ ಮರೆಯುವಂಥದ್ದಲ್ಲ. ಹಾಸನದವರಿಗೆ ಗೊರೂರಿನ ಹೇಮಾವತಿ ಅಣೆಕಟ್ಟು, ಮುಳುಗಡೆಯ ದಿನಗಳು. ಬೆಂಗಳೂರಿನ ಸರ್ಕಾರಿ ಕಾರ್ಖಾನೆಗಳಲ್ಲಿ ಇದ್ದವರಾದರೆ 1980ರ ಡಿಸೆಂಬರಿನಿಂದ 1981ರ ಮಾರ್ಚ್‌ವರೆಗೆ 77 ದಿನ ನಡೆದ ಮುಷ್ಕರವನ್ನು ಕೇಳಿ. ಸಂಬಳವಿಲ್ಲದ ಆ ತಿಂಗಳುಗಳಲ್ಲಿ ಊರಿಂದ ಅಕ್ಕಿ ಬಂತಾ ಎಂಬುದು ತುಂಬ ಮಾತಾಡಿಸುವ ಪ್ರಶ್ನೆ.

ಆಣೆ ಲೆಕ್ಕ ಹೇಳಿದರೆಂದು 1957ಕ್ಕೆ ಹಿಂದಿನದು ಎಂದು ತೀರ್ಮಾನಿಸಬೇಡಿ. ನಯಾಪೈಸೆ ಬಂದದ್ದು 1957ರ ಏಪ್ರಿಲ್ 1ಕ್ಕೆ ನಿಜ, ಆದರೆ ಇಪ್ಪತ್ತೈದು ಪೈಸೆಗೆ ನಾಲ್ಕಾಣೆ ಎನ್ನುವುದು ದಶಕಗಳ ಕಾಲ ನಡೆಯಿತು. ಒಂದಾಣೆ, ಮೂರಾಣೆ ಎಂದು ಬಿಡಿಯಾಗಿ ಹೇಳಿದರೆ ಹಳೆಯದಿರಬಹುದು.

ಪ್ರಯಾಣದ ನೆನಪನ್ನೂ ತಾಳೆ ನೋಡಿ. ಚಿಕ್ಕಮಗಳೂರು ಪೇಟೆಗೆ ರೈಲು ಬಂದದ್ದು 2013ರಲ್ಲಿ. ಅದಕ್ಕೆ ಮೊದಲು ಕಡೂರಿಗೋ ಬೀರೂರಿಗೋ ಬಸ್ಸಿನಲ್ಲಿ ಹೋಗಿ ರೈಲು ಹತ್ತಬೇಕಿತ್ತು. ಹಾಸನದಿಂದ ಶ್ರವಣಬೆಳಗೊಳದ ಮೇಲೆ ಬೆಂಗಳೂರಿಗೆ ನೇರ ರೈಲು 2017ರಿಂದ ಈಚೆಗೆ. ಮೊದಲು ಅರಸೀಕೆರೆ ಸುತ್ತಿಕೊಂಡು. "ಚಿಕ್ಕಮಗಳೂರಲ್ಲಿ ರೈಲು ಹತ್ತಿದೆ" ಎಂದರೆ ಅತ್ತೆ ಸುಳ್ಳು ಹೇಳುತ್ತಿಲ್ಲ, ಎರಡು ಪ್ರಯಾಣ ಬೆರೆತಿವೆ ಅಷ್ಟೆ. ತಿದ್ದದೆ ಕೇಳಿಕೊಳ್ಳಿ, ಪಕ್ಕದಲ್ಲಿ ಗುರುತು ಹಾಕಿ.

ರಾತ್ರಿ ಪಾಳಿಯ ಮಾತೂ ಒಂದು ಸುಳಿವು. 1948ರ ಕಾರ್ಖಾನೆ ಕಾಯ್ದೆ ಹೆಂಗಸರನ್ನು ಸಂಜೆ 7ರಿಂದ ಬೆಳಗ್ಗೆ 6ರವರೆಗೆ ಕೆಲಸಕ್ಕೆ ಹಚ್ಚಬಾರದೆಂದಿತ್ತು. ಆ ಕಾಲದಲ್ಲಿ ರಾತ್ರಿ ಡ್ಯೂಟಿ ಮಾಡಿದೆ ಎಂದರೆ ಹೆಚ್ಚಾಗಿ ಆಸ್ಪತ್ರೆ ಎಂದುಕೊಂಡು ಆ ಕಡೆ ಮೊದಲು ಹುಡುಕಿ.

ಟ್ರಂಕು ತೆರೆಯುವಾಗ

ಅವರ ಎದುರೇ ತೆರೆಯಿರಿ. ತೀರಿಕೊಂಡಿದ್ದರೆ ಮನೆಯವರೊಬ್ಬರು ಜೊತೆಗಿರಲಿ. ಯಾವ ಕಾಗದ ಯಾವುದರ ಜೊತೆ ಕಟ್ಟಿಟ್ಟಿತ್ತೋ ಆ ಕಟ್ಟನ್ನು ಬಿಚ್ಚುವ ಮೊದಲೇ ಫೋಟೋ ತೆಗೆದುಕೊಳ್ಳಿ. ಒಂದೇ ದಾರದಲ್ಲಿ ಕಟ್ಟಿದ್ದಕ್ಕೂ ಕಾರಣವಿರುತ್ತದೆ.

ಮೊದಲು ಹುಡುಕಬೇಕಾದ್ದು ಮನಿಯಾರ್ಡರ್ ಕಾಗದ. ಹಳೆಯ ಫಾರಮ್ಮಿನಲ್ಲಿ ಎರಡು ತುಂಡು ಹರಿದು ಬೇರೆಯಾಗುತ್ತಿದ್ದವು. ಕಳಿಸಿದವರ ವಿಳಾಸ ಮತ್ತು ನಾಲ್ಕು ಸಾಲು ಬರೆಯುವ ಜಾಗವಿದ್ದ ಕೂಪನ್ ಹಣ ಪಡೆದವರ ಬಳಿ ಉಳಿಯುತ್ತಿತ್ತು. ಪಡೆದವರ ಸಹಿ ಅಥವಾ ಹೆಬ್ಬೆಟ್ಟಿದ್ದ ಸ್ವೀಕೃತಿ ಕಳಿಸಿದವರಿಗೆ ವಾಪಸ್ ಹೋಗುತ್ತಿತ್ತು. ಹಾಗಾಗಿ ಕೂಪನ್ ಸಿಗುವುದು ಊರಿನ ಮನೆಯಲ್ಲಿ, ಸ್ವೀಕೃತಿ ಸಿಗುವುದು ಅತ್ತೆಯ ಟ್ರಂಕಿನಲ್ಲಿ. ಊರಿನ ಮನೆಯಲ್ಲಿ ಕಂಬಿಗೆ ಚುಚ್ಚಿಟ್ಟ ಹಳೇ ಕಾಗದ, ದೇವರಕೋಣೆಯ ಗೂಡು, ಅಟ್ಟದ ಮೇಲಿನ ಲೆಕ್ಕದ ಪುಸ್ತಕ ಇವುಗಳಲ್ಲಿ ನೋಡಿ. "ಪುಟ್ಟನ ಫೀಸಿಗೆ", "ಗೊಬ್ಬರಕ್ಕೆ", "ಹಬ್ಬಕ್ಕೆ ಬರಲಾಗುವುದಿಲ್ಲ" ಎಂಬಂಥ ಒಂದೊಂದು ಸಾಲು ಕೂಪನ್ನಿನಲ್ಲಿ ಇರುತ್ತದೆ. ಎಲ್ಲವನ್ನೂ ತಾರೀಖಿನ ಪ್ರಕಾರ ಜೋಡಿಸಿ, ಮೊತ್ತ ಬರೆಯಿರಿ. ಯಾವ ತಿಂಗಳು ಹೆಚ್ಚಾಯಿತು, ಯಾವಾಗ ನಿಂತಿತು ಎಂಬುದನ್ನು ಮನೆಯ ಮದುವೆ, ಸಾವು, ಶಾಲೆಯ ವರ್ಷಗಳ ಜೊತೆ ಇಟ್ಟು ನೋಡಿ.

ಕಾಗದದ ಮೇಲಿನ ವಿಳಾಸ ಕೂಡ ಕಾಲ ಹೇಳುತ್ತದೆ. ಆರು ಅಂಕಿಯ ಪಿನ್ ಕೋಡ್ ಬಂದದ್ದು 1972ರ ಆಗಸ್ಟ್ 15ಕ್ಕೆ. ಅದಕ್ಕೆ ಮುಂಚೆ "ಬೆಂಗಳೂರು-3" ಎಂದಷ್ಟೇ ಬರೆಯುತ್ತಿದ್ದರು. ಆ ಅಂಕಿ ವ್ಯರ್ಥವಲ್ಲ: ಅದೇ ಮುಂದೆ ಪಿನ್ ಕೋಡಿನ ಕೊನೆಗೆ ಸೇರಿತು. 3 ಎಂದರೆ ಮಲ್ಲೇಶ್ವರ, 4 ಬಸವನಗುಡಿ, 13 ಜಾಲಹಳ್ಳಿ, 16 ದೂರವಾಣಿನಗರ. ದೂರವಾಣಿನಗರ ಎಂದರೆ 1948ರಲ್ಲಿ ಶುರುವಾದ ದೂರವಾಣಿ ಕಾರ್ಖಾನೆ ಐ.ಟಿ.ಐ. ಜಾಲಹಳ್ಳಿ ಎಂದರೆ ಕೈಗಡಿಯಾರದ ಎಚ್.ಎಂ.ಟಿ. ಅಥವಾ ಎಲೆಕ್ಟ್ರಾನಿಕ್ಸ್ ಕಾರ್ಖಾನೆ ಬಿ.ಇ.ಎಲ್. ಆಗಿರುವ ಸಾಧ್ಯತೆ. ಕೆಲಸದ ಹೆಸರೇ ಮನೆಯಲ್ಲಿ ಯಾರಿಗೂ ಗೊತ್ತಿಲ್ಲದಿದ್ದಾಗ ಇಷ್ಟು ಸುಳಿವು ಸಾಕು. ಲೆಟರ್ ಹೆಡ್ಡಿನಲ್ಲಿ "ಮೈಸೂರು ಸರ್ಕಾರ" ಎಂದಿದ್ದರೆ 1973ರ ನವೆಂಬರ್ 1ಕ್ಕೆ ಹಿಂದಿನದು. "ಕಡೂರು ಜಿಲ್ಲೆ" ಎಂದಿದ್ದರೆ ಚಿಕ್ಕಮಗಳೂರು ಜಿಲ್ಲೆಗೆ ಆ ಹೆಸರು ಬರುವ ಮುಂಚಿನದು, ಅಂದರೆ 1947ಕ್ಕೂ ಹಿಂದೆ. "ಮಂಜರಾಬಾದ್ ತಾಲ್ಲೂಕು" ಈಗಿನ ಸಕಲೇಶಪುರ.

ಶೃಂಗೇರಿ, ಕೊಪ್ಪ, ಮೂಡಿಗೆರೆ, ಸಕಲೇಶಪುರದ ಮನೆಗಳಲ್ಲಿ ಕಾಗದ ತೇವ ಹಿಡಿದು ಅಂಟಿಕೊಂಡಿರುತ್ತದೆ. ಬಿಸಿಲಿಗೆ ಹಾಕಬೇಡಿ, ಶಾಯಿ ಬಿಳಚುತ್ತದೆ, ಕಾಗದ ಮುರುಟುತ್ತದೆ. ನೆರಳಲ್ಲಿ ಗಾಳಿಯಾಡುವ ಕಡೆ ಹರಡಿ, ಎರಡು ದಿನ ಬಿಟ್ಟು ನಿಧಾನಕ್ಕೆ ಬಿಡಿಸಿ. ತುಕ್ಕು ಹಿಡಿದ ಗುಂಡುಪಿನ್ನನ್ನು ಎಳೆಯದೆ, ಪಿನ್ನಿನ ಎರಡೂ ತುದಿ ಸಡಿಲಿಸಿ ತೆಗೆಯಿರಿ. ಲ್ಯಾಮಿನೇಷನ್ ಮಾಡಿಸಲೇಬೇಡಿ, ಸೆಲ್ಲೋಟೇಪೂ ಬೇಡ. ಎರಡನ್ನೂ ಮತ್ತೆ ಬಿಡಿಸಲಾಗದು. ಕಾಗದವನ್ನು 300 ಡಿ.ಪಿ.ಐ.ನಲ್ಲಿ, ಫೋಟೋವನ್ನು 600ರಲ್ಲಿ ಸ್ಕ್ಯಾನ್ ಮಾಡಿ, ಹಿಂಬದಿಯನ್ನೂ ಮಾಡಿ. ಸ್ಟುಡಿಯೋದ ಮೊಹರು ಇರುವುದು ಹಿಂದೆ.

ಹೆಸರು, ಊರು

ಕಚೇರಿಗೆ ಹೋಗುವ ಮೊದಲು ಅತ್ತೆಯ ಹೆಸರು ಎಷ್ಟು ರೀತಿಯಲ್ಲಿ ಬರೆದಿರಬಹುದು ಎಂದು ಪಟ್ಟಿ ಮಾಡಿ. ಊರಲ್ಲಿ ಪುಟ್ಟಮ್ಮ, ಶಾಲೆಯಲ್ಲಿ ಪುಟ್ಟತಾಯಮ್ಮ, ಕಾರ್ಖಾನೆಯಲ್ಲಿ ಸರೋಜ ಆಗಿರಬಹುದು. ನಮ್ಮ ಕಡೆ ಇನಿಷಿಯಲ್ಲಿನ ಮೊದಲ ಅಕ್ಷರ ಸಾಮಾನ್ಯವಾಗಿ ಊರಿನದು, ಎರಡನೆಯದು ಅಪ್ಪನದು: ಜೆ.ಆರ್. ಎಂದರೆ ಜಾವಗಲ್ಲಿನ ರಂಗೇಗೌಡರ ಮಗಳು. ಗಂಡ ತೀರಿಕೊಂಡವರ ವಿಷಯದಲ್ಲಿ ಅಪ್ಪನ ಅಕ್ಷರವೂ ಇರಬಹುದು, ಗಂಡನದೂ ಇರಬಹುದು, ಎರಡನ್ನೂ ಬರೆದುಕೊಳ್ಳಿ. ಇಂಗ್ಲಿಷ್ ದಾಖಲೆಯಲ್ಲಿ "ತ" ಬರೆಯಲು ಒಬ್ಬ ಗುಮಾಸ್ತರು ಒಂದು ಅಕ್ಷರ, ಇನ್ನೊಬ್ಬರು ಎರಡು ಅಕ್ಷರ ಬಳಸಿರುತ್ತಾರೆ.

ಊರಿನ ಹೆಸರಿನ ಜೊತೆ ಹೋಬಳಿ ಕಡ್ಡಾಯ. ಹೊಸಹಳ್ಳಿ, ಕೊಪ್ಪಲು ಎನ್ನುವ ಊರುಗಳು ಲೆಕ್ಕವಿಲ್ಲದಷ್ಟಿವೆ. ದುದ್ದ, ಶಾಂತಿಗ್ರಾಮ, ಸಾಲಗಾಮೆ, ಗಂಡಸಿ, ಆಲ್ದೂರು, ವಸ್ತಾರೆ, ಲಕ್ಯ, ಯಾವ ಹೋಬಳಿಯದೆಂದು ಬರೆಯದಿದ್ದರೆ ಬೇರೊಬ್ಬರ ದಾಖಲೆ ನಿಮ್ಮ ಕೈಗೆ ಬರುತ್ತದೆ.

ಹುಟ್ಟಿದ ತಾರೀಖನ್ನು ನಂಬಬೇಡಿ. ಶಾಲೆಗೆ ಸೇರಿಸುವಾಗ ಮೇಷ್ಟ್ರು ಅಂದಾಜಿನಲ್ಲಿ ಬರೆದ ಜೂನ್ 1 ಎಷ್ಟೋ ಜನರದು. ಆದರೆ ಕಚೇರಿಗಳಲ್ಲಿ ಹುಡುಕಲು ಬೇಕಾಗುವುದು ಅದೇ ತಪ್ಪು ತಾರೀಖು. ಶಾಲೆಯ ದಾಖಲಾತಿ ರಿಜಿಸ್ಟರಿನಿಂದ ಅದನ್ನು ತೆಗೆದುಕೊಳ್ಳಿ. ಊರು ಹೇಮಾವತಿಯ ಹಿನ್ನೀರಿನಲ್ಲೋ ಭದ್ರಾ ಹಿನ್ನೀರಿನಲ್ಲೋ ಮುಳುಗಿದ್ದರೆ, ಶಾಲೆಯ ಪುಸ್ತಕಗಳು ಎಲ್ಲಿಗೆ ಹೋದವೆಂದು ಕ್ಷೇತ್ರ ಶಿಕ್ಷಣಾಧಿಕಾರಿ ಕಚೇರಿಯಲ್ಲಿ ವಿಚಾರಿಸಿ. ಕ್ರೈಸ್ತ ಮನೆತನದವರಾದರೆ ಚರ್ಚಿನ ಜ್ಞಾನಸ್ನಾನದ ಪುಸ್ತಕ ಶಾಲೆಗಿಂತ ನಂಬಿಕಸ್ಥ.

ದುಡಿದ ಜಾಗ

ಕಾರ್ಖಾನೆಯಾದರೆ ಹೆಸರಿಗಿಂತ ಟೋಕನ್ ನಂಬರು ಮುಖ್ಯ. ಹಳೆಯ ಗುರುತಿನ ಚೀಟಿ, ಇ.ಎಸ್.ಐ. (ಕಾರ್ಮಿಕರ ವಿಮೆ) ಕಾರ್ಡು, ಸಂಬಳದ ಚೀಟಿಗಳಲ್ಲಿ ನೋಡಿ. ಪಿ.ಎಫ್. ಕಾಯ್ದೆ ಬಂದದ್ದು 1952ರಲ್ಲಿ. ಹಳೆಯ ಖಾತೆ ಸಂಖ್ಯೆ "ಕೆ.ಎನ್." ಎಂದು ಶುರುವಾಗಿ, ನಡುವಿನ ಅಂಕಿ ಕಂಪನಿಯದು, ಕೊನೆಯದು ಕೆಲಸಗಾರರದು. ಎಚ್.ಎಂ.ಟಿ.ಯ ಕೈಗಡಿಯಾರ ವಿಭಾಗದಲ್ಲಿ ಬಿಡಿಭಾಗ ಜೋಡಿಸುವ ಕೆಲಸಕ್ಕೆ ಹೆಂಗಸರು ಬಹಳ ಮಂದಿ ಇದ್ದರು. ಆ ಕಾರ್ಖಾನೆಯೂ ಬಟ್ಟೆ ನೇಯುತ್ತಿದ್ದ ಬಿನ್ನಿ ಮಿಲ್ಲೂ ಈಗ ನಡೆಯುತ್ತಿಲ್ಲ. ಇಂಥ ಕಡೆ ಪಿ.ಎಫ್. ಕಚೇರಿ ಮತ್ತು ನಿವೃತ್ತ ನೌಕರರ ಸಂಘ ಎರಡೇ ದಾರಿ. ಸಂಘ ಮೊದಲು.

ಪಿ.ಎಫ್. ಕಾಗದದಲ್ಲಿ ಎಲ್ಲಕ್ಕಿಂತ ಬೆಲೆಯುಳ್ಳದ್ದು ನಾಮಿನಿ ಫಾರಂ. ಮದುವೆಯಾಗದ ಹೆಂಗಸು ತನ್ನ ನಂತರ ದುಡ್ಡು ಯಾರಿಗೆ ಸೇರಲಿ ಎಂದು ಬರೆದಿದ್ದಾರೆ ನೋಡಿ. ತಮ್ಮನ ಹೆಸರು ಹೊಡೆದುಹಾಕಿ ತಂಗಿಯ ಮಗಳ ಹೆಸರು ಬರೆದಿದ್ದರೆ, ತಾರೀಖು ಗುರುತು ಮಾಡಿಕೊಳ್ಳಿ. ಆ ವರ್ಷ ಮನೆಯಲ್ಲಿ ಏನೋ ನಡೆದಿದೆ.

ನರ್ಸಮ್ಮನಾಗಿದ್ದರೆ ನರ್ಸಿಂಗ್ ಕೌನ್ಸಿಲ್‌ನ ನೋಂದಣಿ ಸಂಖ್ಯೆ ಹುಡುಕಿ, ಅದರಿಂದ ತರಬೇತಿ ಆದ ಜಾಗ ತಿಳಿಯುತ್ತದೆ. ಎ.ಎನ್.ಎಂ. (ಹೆರಿಗೆಯನ್ನೂ ನೋಡಿಕೊಳ್ಳುವ ಸಹಾಯಕ ನರ್ಸ್) ತರಬೇತಿ ಶುರುವಾದದ್ದು 1951ರಲ್ಲಿ; ಅದಕ್ಕೂ ಹಿಂದಿನವರಾದರೆ ಮಿಡ್‌ವೈಫ್ ಎಂದು ದಾಖಲಾಗಿರುತ್ತಾರೆ. ಹಾಸನದ ರೆಡ್‌ಫರ್ನ್ ಸ್ಮಾರಕ ಆಸ್ಪತ್ರೆ, ಮೈಸೂರಿನ ಹೋಲ್ಡ್ಸ್‌ವರ್ತ್ ಸ್ಮಾರಕ ಆಸ್ಪತ್ರೆಯಂಥ ಮಿಷನ್ ಆಸ್ಪತ್ರೆಗಳು, ಬೆಂಗಳೂರಿನ ವಾಣಿವಿಲಾಸ, ಮೈಸೂರಿನ ಚೆಲುವಾಂಬ ಆಸ್ಪತ್ರೆಗಳಿಂದ ವಿಚಾರಣೆ ಶುರುಮಾಡಿ. ಟೀಚರಾಗಿದ್ದರೆ ಸೇವಾ ಪುಸ್ತಕವೇ ಸಾಕು, ಯಾವ ಊರಿಗೆ ಯಾವಾಗ ವರ್ಗವಾಯಿತೆಂಬುದೆಲ್ಲ ಅದರಲ್ಲಿದೆ. ಚಿಕ್ಕ ವಯಸ್ಸಿನಲ್ಲಿ ವಿಧವೆಯಾಗಿ ಓದಲು ಹೋದವರಾದರೆ 1905ರಲ್ಲಿ ಶುರುವಾದ ಬೆಂಗಳೂರಿನ ಅಬಲಾಶ್ರಮದಂಥ ಸಂಸ್ಥೆಗಳಲ್ಲೂ ಕೇಳಿ.

ಮಾಹಿತಿ ಹಕ್ಕಿನ ಅರ್ಜಿಯನ್ನೇ ಮೊದಲು ಹಾಕಬೇಡಿ. ಇನ್ನೊಬ್ಬರ ವೈಯಕ್ತಿಕ ಮಾಹಿತಿ ಎಂದು ತಿರಸ್ಕರಿಸಲು ಕಾಯ್ದೆಯಲ್ಲೇ ಅವಕಾಶವಿದೆ. ಬದುಕಿದ್ದರೆ ಅತ್ತೆಯೇ ಸಹಿ ಮಾಡಿದ ಪತ್ರ, ಇಲ್ಲದಿದ್ದರೆ ಮರಣ ಪ್ರಮಾಣಪತ್ರ, ವಂಶವೃಕ್ಷ, ನಿಮ್ಮ ಗುರುತಿನ ಚೀಟಿ ಇಟ್ಟು ನೇರವಾಗಿ ಕೇಳಿ. ಅದಕ್ಕೆ ಉತ್ತರ ಬರದಿದ್ದರೆ ಮಾತ್ರ 10 ರೂಪಾಯಿ ಶುಲ್ಕದ ಅರ್ಜಿ ಹಾಕಿ. ರಾಜ್ಯ ಸರ್ಕಾರದ ಕಚೇರಿಯಾದರೆ ಒಂದೇ ವಿಷಯ, 150 ಪದದೊಳಗೆ ಇರಲಿ.

ಮನೆಗೆಲಸಕ್ಕೆ, ಗಾರೆ ಕೆಲಸಕ್ಕೆ, ಊದುಬತ್ತಿ ಹೊಸೆಯಲು ಹೋದವರಿಗೆ ಇದ್ಯಾವ ಕಾಗದವೂ ಇಲ್ಲ. ದಲಿತ ಕೇರಿಗಳಿಂದ, ಭೂಮಿಯಿಲ್ಲದ ಮನೆಗಳಿಂದ ಹೋದ ಬಹುಪಾಲು ಹೆಂಗಸರು ಇವರೇ. ಕಾಗದ ಇದ್ದವರನ್ನಷ್ಟೇ ಬರೆದರೆ ಊರಿನ ಚರಿತ್ರೆ ನರ್ಸು, ಟೀಚರುಗಳ ಚರಿತ್ರೆಯಾಗಿ ಉಳಿಯುತ್ತದೆ. ಇವರ ವಿಷಯದಲ್ಲಿ ಮಾತೇ ದಾಖಲೆ. ಅವರು ಎತ್ತಿ ಆಡಿಸಿದ ಮನೆಯ ಮಕ್ಕಳು ಈಗ ಅರವತ್ತು ದಾಟಿರುತ್ತಾರೆ, ಅವರನ್ನು ಹುಡುಕಿ ಕೇಳಿ; ಆ ಮನೆಯ ಮದುವೆ ಆಲ್ಬಮ್ಮಿನಲ್ಲಿ ಅಂಚಿಗೆ ನಿಂತವರ ಮುಖ ನೋಡಿ. ಆಸ್ಪತ್ರೆಯ ಹಳೇ ಚೀಟಿ, ಅಂಚೆ ಉಳಿತಾಯದ ಪಾಸ್‌ಬುಕ್ಕು ಸಿಗಬಹುದು. ಇಬ್ಬರು ಬೇರೆ ಬೇರೆಯಾಗಿ ಒಂದೇ ಮಾತು ಹೇಳಿದರೆ ಅದನ್ನು ಕಾಗದದಷ್ಟೇ ಗಟ್ಟಿ ಎಂದು ಬರೆಯಿರಿ.

ಊರಿನ ಆಸ್ತಿ ಕಾಗದ

ಉಪನೋಂದಣಿ ಕಚೇರಿಯಲ್ಲಿ ಹಕ್ಕು ಬಿಡುಗಡೆ ಪತ್ರ ಹುಡುಕಿ. ಅಪ್ಪ ತೀರಿಕೊಂಡ ಮೇಲೆ ಅಣ್ಣತಮ್ಮಂದಿರು ಪಾಲು ಮಾಡಿಕೊಳ್ಳುವಾಗ ಅತ್ತೆಯನ್ನು ಕರೆಸಿ ಸಹಿ ಹಾಕಿಸಿರುತ್ತಾರೆ. ಕರ್ನಾಟಕದಲ್ಲಿ ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಸಮಪಾಲು ಎಂಬ ತಿದ್ದುಪಡಿ 1994ರಲ್ಲಿ ಜಾರಿಗೆ ಬಂತು, ಇಡೀ ದೇಶಕ್ಕೆ 2005ರಲ್ಲಿ. ಈ ಪತ್ರಗಳು ಆ ವರ್ಷಗಳ ಆಚೀಚೆ ಹೆಚ್ಚು. ಅದರಲ್ಲಿ ಆಗಿನ ವಯಸ್ಸು, ಕಸುಬು, ಪಟ್ಟಣದ ವಿಳಾಸ, ಸಹಿ, ಪಡೆದ ಮೊತ್ತ ಎಲ್ಲ ಇರುತ್ತದೆ. ಸರ್ವೆ ನಂಬರು ಕೊಟ್ಟು ಋಣಭಾರ ಪ್ರಮಾಣಪತ್ರ (ಆ ಜಮೀನಿನ ಮೇಲೆ ನೋಂದಣಿಯಾದ ಪತ್ರಗಳ ಪಟ್ಟಿ, ಇ.ಸಿ.) ತೆಗೆಸಿದರೆ ಪತ್ರದ ಸಂಖ್ಯೆ ಸಿಗುತ್ತದೆ. ಕಂಪ್ಯೂಟರಿಗೆ ಮುಂಚಿನ ವರ್ಷಗಳಿಗೆ ಕಚೇರಿಯಲ್ಲಿ ಪುಸ್ತಕ ಹುಡುಕಿಸಬೇಕು. ನೀವು ಯಾಕೆ ಕೇಳುತ್ತಿದ್ದೀರೆಂದು ಮನೆಯವರಿಗೆ ಮೊದಲೇ ಹೇಳಿ. ಹೇಳದೆ ಹೋದರೆ ಪಾಲಿನ ವ್ಯಾಜ್ಯಕ್ಕೆ ಬಂದಿದ್ದಾರೆಂದು ತಿಳಿದು ಎಲ್ಲ ಬಾಗಿಲೂ ಮುಚ್ಚುತ್ತದೆ.

ಬರೆದಿಡುವುದು

ಒಂದು ಉದ್ದನೆಯ ಪುಸ್ತಕದಲ್ಲಿ ನಾಲ್ಕು ಕಾಲಂ ಗೆರೆ ಹಾಕಿ: ವರ್ಷ, ಇದ್ದ ಜಾಗ, ಕೆಲಸ, ಆಧಾರ. ಕಾಗದದ ಆಧಾರವಿದ್ದದ್ದು ಪೆನ್ನಿನಲ್ಲಿ, ಊಹೆ ಪೆನ್ಸಿಲ್ಲಿನಲ್ಲಿ. ಖಾಲಿ ಉಳಿದ ವರ್ಷಗಳನ್ನು ಖಾಲಿಯೇ ಬಿಡಿ, ಅಂದಾಜಿನಿಂದ ತುಂಬಬೇಡಿ. ಮುಂದಿನ ಸಲ ಕೂತಾಗ ಕೇಳಬೇಕಾದ್ದು ಆ ಖಾಲಿ ವರ್ಷಗಳನ್ನೇ.

ಬರೆದದ್ದನ್ನು ಯಾರಿಗೂ ಕಳಿಸುವ ಮೊದಲು ಅತ್ತೆಗೆ ಪೂರ್ತಿ ಓದಿ ಹೇಳಿ. ಯಾವುದು ಮನೆಮಂದಿಗೆ, ಯಾವುದು ಹೊರಗಿನವರಿಗೆ, ಯಾವುದು ಯಾರಿಗೂ ಬೇಡ ಎಂದು ಅವರಿಂದಲೇ ಗುರುತು ಹಾಕಿಸಿ. ರೆಕಾರ್ಡಿಂಗ್ ನಿಲ್ಲಿಸಿದ ಮೇಲೆ ಹೇಳಿದ್ದನ್ನು ಬರೆಯಬೇಡಿ. ಕುಟುಂಬದ ವಾಟ್ಸಾಪ್ ಗುಂಪಿಗೆ ಧ್ವನಿ ತುಣುಕು ಹಾಕುವುದಂತೂ ಸಲ್ಲದು. ಒಮ್ಮೆ ಹೋದರೆ ಗಂಡ ಬಿಟ್ಟ ಕಥೆಯಷ್ಟೇ ಊರು ಸುತ್ತುತ್ತದೆ, ದುಡಿದ ಕಥೆ ಅಲ್ಲೇ ಉಳಿಯುತ್ತದೆ. ಅವರು ಬೇಡವೆಂದ ಪುಟಗಳನ್ನು ಅವರೆದುರೇ ತೆಗೆದು ಅವರ ಕೈಗೆ ಕೊಡಿ. ಉಳಿದದ್ದಕ್ಕೆ ಮೂರು ಪ್ರತಿ ಮಾಡಿಸಿ: ಒಂದು ಅವರಿಗೆ, ಒಂದು ನಾಮಿನಿ ಫಾರಂನಲ್ಲಿ ಹೆಸರಿದ್ದವರಿಗೆ, ಒಂದು ಅವರು ಒಪ್ಪಿದರೆ ಊರಿನ ಶಾಲೆಗೋ ತಾಲ್ಲೂಕಿನ ಗ್ರಂಥಾಲಯಕ್ಕೋ. ಪ್ರತಿಯ ಮೊದಲ ಪುಟದಲ್ಲಿ ಅವರ ಪೂರ್ತಿ ಹೆಸರು, ಊರು, ಹೋಬಳಿ, ದುಡಿದ ಜಾಗ, ದುಡಿದ ವರ್ಷಗಳು ಇರಲಿ.